ಉಸಿರಿನ ಜೋಡಿ

ಮೊದಲೇ ಒಂದು ಮಾತು. ಇದನ್ನು ಬರೆದವಳ ಅಕ್ಷರ ಚೆನ್ನಾಗಿಲ್ಲ. ಸಾಲುಗಳು ಬಲಕ್ಕೆ ಹೋದ ಹಾಗೆ ಕೆಳಗೆ ಜಾರುತ್ತವೆ, ಒತ್ತಕ್ಷರಗಳು ಕೆಳಗಿನ ಸಾಲಿನ ತಲೆಗೆ ತಾಗುತ್ತವೆ. ಹತ್ತನೇ ತರಗತಿಯ ನಡುವೆ ಶಾಲೆ ಬಿಟ್ಟವಳಿಗೆ ದೊಡ್ಡ ಮಾತುಗಳೂ ಬರುವುದಿಲ್ಲ. ಗೊತ್ತಿರುವ ಮಾತುಗಳಲ್ಲೇ ಮೂರು ಸಲ ಬರೆದು, ಸುಳ್ಳು ಅನ್ನಿಸಿದ್ದನ್ನೆಲ್ಲ ಹೊಡೆದುಹಾಕಿ, ಇಷ್ಟು ಉಳಿಸಿದ್ದಾಳೆ. ಇನ್ನೊಂದನ್ನೂ ಮುಚ್ಚಿಡಬಾರದು. ಈ ಕಥೆಯಲ್ಲಿ ಬರುವ ವಾರಗಿತ್ತಿ ಬರೆದವಳ ತಾಯಿ. ಗುಡುಗಮ್ಮ ಅವಳ ದೊಡ್ಡಮ್ಮ. ತಕ್ಕಡಿ ಒಂದು ಕಡೆ ವಾಲಿದ್ದರೆ ಓದುವವರೇ ಸರಿಮಾಡಿಕೊಳ್ಳಬೇಕು. ಗುಡುಗಮ್ಮನ ಮನಸ್ಸಿನೊಳಗಿನ ಸಂಗತಿಗಳನ್ನು ಮಾತ್ರ ಆಕೆಯೇ ಎದುರು ಕೂತು ಹೇಳಿ ಬರೆಸಿದ್ದು.

ಗುಡುಗಮ್ಮ ಎನ್ನುವುದು ಹೆತ್ತವರು ಇಟ್ಟ ಹೆಸರಲ್ಲ. ಆಸ್ಪತ್ರೆಯ ಬಟ್ಟೆ ಒಗೆಯುವ ವಿಭಾಗದಲ್ಲಿ ಅದು ತಾನಾಗಿ ಅಂಟಿಕೊಂಡದ್ದು. ಆಕೆಯ ದನಿ ಅಷ್ಟು ಕೆಳಗಿನದು. ವಾರ್ಡಿನಿಂದ ಬಂದ ಫೋನನ್ನು ಆಕೆ ಎತ್ತಿದರೆ ಹೊಸ ನರ್ಸುಗಳು, "ಸಾರ್, ಹತ್ತು ಹಾಸುಬಟ್ಟೆ ಬೇಕಿತ್ತು" ಅನ್ನುತ್ತಾರೆ. "ಸಾರ್ ಎಲ್ಲೋ ಹೋಗಿದಾರೆ, ಕೆಲಸ ಮಾಡೋರು ಇಲ್ಲೇ ಇದೀವಿ, ಹೇಳಿ" ಎನ್ನುವುದು ಆಕೆಯ ಉತ್ತರ. ಚಿಕ್ಕವಳಿದ್ದಾಗ ಶಾಲೆಯ ಹಾಡಿನ ಗುಂಪಿನಲ್ಲಿ ಟೀಚರು ಆಕೆಯನ್ನು ಹಿಂದಕ್ಕೆ ತಳ್ಳಿ, ನಿನ್ನ ದನಿಯಿಂದ ಉಳಿದವರದ್ದೂ ಕೆಡುತ್ತದೆ, ಬಾಯಿ ಮುಚ್ಚಿಕೊಂಡು ನಿಲ್ಲು ಎಂದಿದ್ದರಂತೆ. ಮದುವೆಯಾಗಿ ಬಂದ ಮನೆಯಲ್ಲಿ ಅತ್ತೆ, ನಿನ್ನ ನೆಗಡಿ ಯಾವಾಗ ವಾಸಿಯಾಗುತ್ತದೆ ಎಂದು ಆರು ತಿಂಗಳು ಕೇಳಿದರು.

ಗುಡುಗಮ್ಮನಿಗೆ ಕೋಪ ಮೂಗಿನ ತುದಿಯಲ್ಲಿ ಎಂದು ಜನ ಹೇಳುತ್ತಾರೆ. ಅದು ಸರಿಯಲ್ಲ. ಮೂಗಿನ ತುದಿಯ ಕೋಪ ಒಂದು ಸೀನಿಗೆ ಹೋಗಿಬಿಡುತ್ತದೆ. ಆಕೆಯದು ಹೊಟ್ಟೆಯಲ್ಲಿ, ಉಸಿರು ಹುಟ್ಟುವ ಜಾಗದಲ್ಲಿ ಕೂತಿರುವುದು.

ಇಪ್ಪತ್ತೈದು ವರ್ಷದಿಂದ ಆಕೆಗೆ ಮಡಿಕೆ ಕೋಣೆಯಲ್ಲಿ ಕೆಲಸ. ಪಕ್ಕದಲ್ಲಿ ಬಾಯ್ಲರು, ಗೋಡೆಯ ಆಚೆ ಉರುಳೆ ಯಂತ್ರ. ಒದ್ದೆ ಹಾಸುಬಟ್ಟೆ ಬಿಸಿ ಉರುಳೆಗಳ ನಡುವೆ ಒಂದು ಕಡೆಯಿಂದ ಒಳಗೆ ಹೋಗಿ ಇನ್ನೊಂದು ಕಡೆಯಿಂದ ಒಣಗಿ, ಇಸ್ತ್ರಿಯಾಗಿ ಹೊರಗೆ ಬರುತ್ತದೆ. ಅದನ್ನು ಮಡಿಸುವುದು ಜೋಡಿ ಕೆಲಸ. ಎರಡು ಮೂಲೆ ಒಬ್ಬಳ ಕೈಯಲ್ಲಿ, ಎರಡು ಮೂಲೆ ಇನ್ನೊಬ್ಬಳ ಕೈಯಲ್ಲಿ. ಎಳೆದು, ಒಮ್ಮೆ ಝಾಡಿಸಿ, ಉದ್ದಕ್ಕೆ ಮಡಿಸಬೇಕು. ಆಮೇಲೆ ಒಬ್ಬಳು ನಿಂತಿರಬೇಕು, ಇನ್ನೊಬ್ಬಳು ನಡೆದು ಬರಬೇಕು. ಇಬ್ಬರೂ ಒಟ್ಟಿಗೆ ಹೆಜ್ಜೆ ಇಟ್ಟರೆ ಬಟ್ಟೆ ನೆಲಕ್ಕೆ ಬೀಳುತ್ತದೆ. ನೆಲಕ್ಕೆ ಬಿದ್ದದ್ದು ಮತ್ತೆ ಒಗೆಯಲು ಹೋಗಬೇಕು. ಯಂತ್ರಗಳ ಸದ್ದಿನಲ್ಲಿ ಮಾತು ಕೇಳಿಸುವುದಿಲ್ಲ. 'ನಾನು ಬರುತ್ತೇನೆ, ನೀನು ಹಿಡಿದುಕೋ' ಎನ್ನುವುದನ್ನು ಬಟ್ಟೆಯ ಅಂಚನ್ನು ಚೂರು ಜಗ್ಗಿ ತಿಳಿಸಬೇಕು.

ಗುಡುಗಮ್ಮನ ಜೋಡಿ ಆಕೆಯ ವಾರಗಿತ್ತಿ, ಮೈದುನನ ಹೆಂಡತಿ. ಮನೆಯಲ್ಲಿ ಇಬ್ಬರದೂ ಹಾವು ಮುಂಗುಸಿಯ ಬಾಳಲ್ಲ, ಹಾಗೆಂದು ಹಾಲು ಜೇನೂ ಅಲ್ಲ. ಒಂದು ನಲ್ಲಿ, ಎರಡು ಒಲೆ. ಯಾರ ಕೊಡ ಮೊದಲು ತುಂಬಬೇಕು ಎನ್ನುವುದಕ್ಕೆ ಜಗಳವಾಗಿ ಒಮ್ಮೆ ಎರಡು ವರ್ಷ ಮಾತು ಬಿಟ್ಟಿದ್ದರು. ಆ ಎರಡು ವರ್ಷದಲ್ಲಿ ಒಂದು ಹಾಸುಬಟ್ಟೆಯೂ ನೆಲಕ್ಕೆ ಬೀಳಲಿಲ್ಲ.

ಮೂರು ವರ್ಷದ ಹಿಂದೆ ಆಸ್ಪತ್ರೆಯವರು ಕೆಲಸದ ಹೆಂಗಸರದ್ದೇ ಒಂದು ಹಾಡಿನ ತಂಡ ಕಟ್ಟಿದರು. ಅಡುಗೆಮನೆ, ಕಸಗುಡಿಸುವ ವಿಭಾಗ, ಬಟ್ಟೆಯ ವಿಭಾಗ ಎಲ್ಲ ಸೇರಿ ಇಪ್ಪತ್ತಾರು ಜನ. ಶನಿವಾರ ಮಧ್ಯಾಹ್ನ ಯಂತ್ರ ನಿಂತ ಮೇಲೆ ಮಡಿಕೆ ಕೋಣೆಯಲ್ಲೇ ಅಭ್ಯಾಸ. ಹೊರಗಿನಿಂದ ಬಂದ ಸಂಗೀತದ ಮೇಷ್ಟ್ರು ಒಬ್ಬೊಬ್ಬರ ದನಿ ಕೇಳಿ ಮೇಲ್ದನಿ, ನಡುದನಿ, ಕೆಳದನಿ ಎಂದು ಮೂರು ಪಾಲು ಮಾಡಿದರು. ಗುಡುಗಮ್ಮ ಬಾಯಿ ಬಿಟ್ಟಾಗ ಅವರು ಕೈಯಲ್ಲಿದ್ದ ಕಾಗದವನ್ನು ಮೇಜಿನ ಮೇಲಿಟ್ಟರು.

"ಇಷ್ಟು ದಿನ ಎಲ್ಲಿದ್ರಿ ಅಮ್ಮ?"

"ಇಲ್ಲೇ, ಬಾಯ್ಲರ್ ಪಕ್ಕದಲ್ಲಿ."

ಎಲ್ಲರೂ ನಕ್ಕರು. ಗುಡುಗಮ್ಮ ಮಾತ್ರ ಆ ದಿನ ಮನೆಗೆ ಹೋಗಿ ಒಲೆ ಹಚ್ಚದೆ ಅದರ ಮುಂದೆ ಕೂತಿದ್ದಳು. ಐವತ್ತು ವರ್ಷ ತಲೆ ತಗ್ಗಿಸಿ ಹೊತ್ತುಕೊಂಡು ತಿರುಗಿದ ದನಿಯನ್ನು ಒಬ್ಬರು ಬೇಕು ಎಂದಿದ್ದರು. ಮೇಷ್ಟ್ರ ಮೇಲೆ ಆಕೆಗೆ ಮುಂದೆ ಬಂದ ಕೋಪ ಅಷ್ಟು ದೊಡ್ಡದಾಗಿದ್ದು ಇದರಿಂದಲೇ.

ಕೆಳದನಿಗೆ ಸಿಕ್ಕಿದವರು ನಾಲ್ಕೇ ಜನ: ಅಡುಗೆಮನೆಯ ಇಬ್ಬರು, ಗುಡುಗಮ್ಮ ಮತ್ತು ವಾರಗಿತ್ತಿ. ಮೇಷ್ಟ್ರು ತಾವೇ ಕಟ್ಟಿದ ಒಂದು ಹಾಡನ್ನು ಕಲಿಸಿದರು. ನಿಲ್ಲದೆ ಹರಿಯುವ ಹೊಳೆಯ ಹಾಡು. ಮಾತೆಲ್ಲ ಮೇಲಿನ ಎರಡು ದನಿಗಳಿಗೆ. ಕೆಳದನಿಯವರು ಒಂದೇ ಸ್ವರದಲ್ಲಿ 'ಹೂಂ' ಎಂದು ಎಳೆಯುತ್ತಲೇ ಇರಬೇಕು, ಅದೇ ನೀರು. ಅಡುಗೆಮನೆಯವಳು, ನಮ್ಮ ಮನೆಯಲ್ಲಿ ಏನು ಕೇಳಿದರೂ ಗಂಡ ಇದನ್ನೇ ಹೇಳುವುದು, ಅವರನ್ನೇ ಕರೆದುಕೊಂಡು ಬರಲೇ ಎಂದು ಮೇಷ್ಟ್ರನ್ನು ಕೇಳಿದ್ದಳು.

ಹೂಂ ಎನ್ನುವುದು ಸುಲಭವಲ್ಲ. ಒಬ್ಬಳ ಉಸಿರು ಎಷ್ಟು ಹೊತ್ತು ಬಂದೀತು? ಅದಕ್ಕೆ ಮೇಷ್ಟ್ರು ಉಸಿರಿನ ಜೋಡಿ ಮಾಡಿದರು. ಒಬ್ಬಳು ಉಸಿರು ತೆಗೆದುಕೊಳ್ಳುವಾಗ ಇನ್ನೊಬ್ಬಳು ಹಿಡಿದಿರಬೇಕು. ಕೇಳುವವರಿಗೆ ಎಲ್ಲೂ ತುಂಡಾದದ್ದು ಗೊತ್ತಾಗಬಾರದು. ಉಳಿದವರು ಬೆರಳು ಮಡಚಿ ಎಣಿಸಿ ಕಲಿತರು. ಈ ಇಬ್ಬರು ಎಣಿಸಲಿಲ್ಲ. ಹಾಸುಬಟ್ಟೆಯ ಅಂಚು ಇಲ್ಲದ ಕಡೆ ಮೊಳಕೈ ಇತ್ತು. ಉಸಿರು ಮುಗಿಯುತ್ತಾ ಬಂದವಳು ಪಕ್ಕದವಳ ಮೊಳಕೈಯನ್ನು ಚೂರು ಒತ್ತುತ್ತಿದ್ದಳು, ಅಷ್ಟೇ. ಕೊನೆಯ ಚರಣದಲ್ಲಿ ಅಡುಗೆಮನೆಯ ಇಬ್ಬರೂ ನಡುದನಿಗೆ ಏರಿಬಿಡುತ್ತಾರೆ, ಕೆಳಗೆ ಉಳಿಯುವುದು ಈ ಜೋಡಿ ಒಂದೇ. ಇಡೀ ಹಾಡು ಇವರಿಬ್ಬರ ಮೇಲೆ ನಿಂತಿರುತ್ತದೆ.

ಕಳೆದ ವರ್ಷ ಉರುಳೆ ಯಂತ್ರಕ್ಕೆ ಒಬ್ಬಳು ಕಡಿಮೆಯಾಗಿ ವಾರಗಿತ್ತಿಯನ್ನು ಅಲ್ಲಿಗೆ ಹಾಕಿದರು. ಯಂತ್ರದ ಬಾಯಿಗೆ ಒಂದು ಅಡ್ಡಪಟ್ಟಿ ಇದೆ. ಕೈ ಅದಕ್ಕೆ ತಾಗಿದರೆ ಉರುಳೆ ತಾನಾಗಿ ನಿಲ್ಲಬೇಕು. ಆ ಪಟ್ಟಿ ಮುರಿದು ಏಳು ವಾರವಾಗಿತ್ತು, ತಂತಿಯಲ್ಲಿ ಕಟ್ಟಿದ್ದರು. ಗುಡುಗಮ್ಮ ಮೇಲ್ವಿಚಾರಕನಿಗೆ ಮೂರು ಸಲ ಹೇಳಿದ್ದಳು. ನೋಡೋಣ, ನೋಡೋಣ ಎನ್ನುತ್ತಲೇ ಅವನು ದಿನ ತಳ್ಳಿದ. ಒಂದು ಮಂಗಳವಾರ ಮಧ್ಯಾಹ್ನ ವಾರಗಿತ್ತಿಯ ಬಲಗೈ ಬಟ್ಟೆಯ ಜೊತೆ ಒಳಗೆ ಹೋಯಿತು. ನಾಲ್ಕು ತಿಂಗಳ ಮೇಲೆ ಆಕೆ ಕೆಲಸಕ್ಕೆ ಬಂದಾಗ ಕಿರುಬೆರಳು, ಉಂಗುರಬೆರಳು ಅಂಗೈಗೆ ಅಂಟಿಕೊಂಡಿದ್ದವು; ಮಣಿಕಟ್ಟಿನವರೆಗೆ ಚರ್ಮ ಮೇಣದ ಹಾಗೆ ಹೊಳೆಯುತ್ತಿತ್ತು. ಮನೆಗೆಲಸ ನೋಡಿಕೊಳ್ಳಲು ಆಕೆಯ ಮಗಳು ಶಾಲೆ ಬಿಟ್ಟಳು.

ಅಪಘಾತದ ದಿನವೇ ಇನ್ನೊಂದು ಸಂಗತಿ ನಡೆದಿತ್ತು. ಮೇಲ್ವಿಚಾರಕ ಒಂದು ಕಾಗದ ತಂದು, ಚಿಕಿತ್ಸೆ ಬೇಗ ಶುರುವಾಗಲಿ, ಸಾಕ್ಷಿ ಎಂದು ಇಲ್ಲಿ ಸಹಿ ಹಾಕು ಎಂದ. ಒಳಗಿನಿಂದ ವಾರಗಿತ್ತಿ ಕೂಗುವುದು ಕೇಳಿಸುತ್ತಿತ್ತು. ಗುಡುಗಮ್ಮ ಓದದೆ ಸಹಿ ಹಾಕಿದಳು. 'ಕೆಲಸಗಾರ್ತಿಯ ಸ್ವಂತ ಅಜಾಗರೂಕತೆಯಿಂದ' ಎಂದು ಅದರಲ್ಲಿ ಬರೆದಿತ್ತು ಎನ್ನುವುದು ಆಕೆಗೆ ಒಂದು ತಿಂಗಳ ಮೇಲೆ ಗೊತ್ತಾಯಿತು. ಯಾರಿಗೂ ಹೇಳಲಿಲ್ಲ. ಅಂದಿನಿಂದ ಕುಂಬಳಕಾಯಿ ಕಳ್ಳನ ಹಾಗೆ, ಯಾರು ಯಂತ್ರದ ಮಾತೆತ್ತಿದರೂ ಹೆಗಲು ಮುಟ್ಟಿ ನೋಡಿಕೊಳ್ಳುವ ಬಾಳಾಯಿತು.

ಈ ವರ್ಷ ಆಸ್ಪತ್ರೆಗೆ ಐವತ್ತು ತುಂಬಿತು. ದೊಡ್ಡ ಸಭಾಂಗಣದಲ್ಲಿ ಕಾರ್ಯಕ್ರಮ, ಹೊರಗಿನ ಅತಿಥಿಗಳು, ಮೊದಲಿಗೇ ಹೆಂಗಸರ ತಂಡದ ಹೊಳೆಯ ಹಾಡು. ಎಲ್ಲರಿಗೂ ಮೊಳಕೈವರೆಗೆ ತೋಳಿರುವ ತಿಳಿನೀಲಿ ಬಟ್ಟೆ ಹೊಲಿಸಿದರು. ಕಾರ್ಯಕ್ರಮಕ್ಕೆ ಎರಡು ವಾರ ಇರುವಾಗ ಮೇಷ್ಟ್ರು ವಾರಗಿತ್ತಿಯನ್ನು ಪಕ್ಕಕ್ಕೆ ಕರೆದು, ನಿಮ್ಮ ದನಿ ಬಳಲಿದೆ, ಉಳಿದವರ ಜೊತೆ ಬೆರೆಯುತ್ತಿಲ್ಲ, ಈ ಒಂದು ಸಲ ವಿಶ್ರಾಂತಿ ತೆಗೆದುಕೊಳ್ಳಿ ಎಂದರು. ಆಕೆಯ ಜಾಗಕ್ಕೆ ಸ್ವಾಗತದ ಮೇಜಿನ ಹುಡುಗಿಯನ್ನು ಹಾಕಿದರು. ಹಾಗೆ ಹೇಳುವಾಗ ಅವರು ಗೋಡೆಯ ಗಡಿಯಾರ ನೋಡುತ್ತಿದ್ದರು.

ಗುಡುಗಮ್ಮನಿಗೆ ನಖಶಿಖಾಂತ ಉರಿಯಿತು. ಬೆರೆಯುತ್ತಿಲ್ಲವಂತೆ. ಮೂರು ವರ್ಷ ಆ ದನಿಯ ಪಕ್ಕದಲ್ಲಿ ನಿಂತವಳು ತಾನು. ತನ್ನದು ಎಲ್ಲಿ ಮುಗಿಯಿತು, ಅವಳದು ಎಲ್ಲಿ ಶುರುವಾಯಿತು ಎನ್ನುವುದು ತನಗೇ ಗೊತ್ತಾಗುತ್ತಿರಲಿಲ್ಲ. ಆದರೆ ಅತ್ತೆಯ ಮೇಲಿನ ಕೋಪ ಕೊತ್ತಿಯ ಮೇಲೆ ಅನ್ನುವ ಹಾಗೆ, ದಾರಿಯಲ್ಲಿ ಆಕೆ ಹರಿಹಾಯ್ದದ್ದು ವಾರಗಿತ್ತಿಯ ಮೇಲೆ.

"ಅವರು ಹೋಗು ಅಂದ್ರು, ನೀನು ಬಂದ್ಬಿಟ್ಟೆ. ನಿನ್ನ ಬಾಯಲ್ಲೇನು ಹಿಟ್ಟು ತುಂಬ್ಕೊಂಡಿದ್ಯಾ?"

"ಬಿಡಿ ಅಕ್ಕ. ಒಂದು ಸಲ ತಾನೇ."

"ಒಂದು ಸಲ ಅಂತಾರೆ. ಪ್ರತಿ ಸಲಾನೂ ಒಂದೇ ಸಲ ಕಣೇ."

ವಾರಗಿತ್ತಿ ಬಲಗೈಯನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು, ವರ್ಷದಿಂದ ರೂಢಿಯಾದಂತೆ, ಗೋಡೆ ಬದಿಗೆ ನಡೆಯುತ್ತಿದ್ದಳು. ಮನೆ ತಲುಪಿದ ಮೇಲೆ ಹೊಸ ನೀಲಿ ಬಟ್ಟೆಯನ್ನು ನಾಲ್ಕು ಮಡಿಕೆ ಮಾಡಿ ಪೆಟ್ಟಿಗೆಯ ತಳಕ್ಕೆ ಹಾಕಿದಳು. ಅದನ್ನು ನೋಡಿದ ಮಗಳಿಗೆ, ಶಾಲೆಯ ಚೀಲವನ್ನು ತಾನು ಅಟ್ಟಕ್ಕೆ ಹಾಕಿದ ದಿನ ನೆನಪಾಯಿತು.

ಮುಂದಿನ ಶನಿವಾರ ಸಭಾಂಗಣದಲ್ಲೇ ಅಭ್ಯಾಸ. ಆಡಳಿತಾಧಿಕಾರಿ ಮೊದಲ ಸಾಲಿನಲ್ಲಿ ಕಾಲ ಮೇಲೆ ಕಾಲು ಹಾಕಿ ಕೂತಿದ್ದರು. ಗುಡುಗಮ್ಮನಿಗೆ ಹಾಡು ಕೆಡಿಸುವ ಉದ್ದೇಶ ಇರಲಿಲ್ಲ. ಇದನ್ನು ಆಕೆ ಎರಡು ಸಲ ಹೇಳಿ ಬರೆಸಿದ್ದಾಳೆ. ಕೆಲಸ ಕೆಡಿಸುವುದು ತನ್ನ ಜಾಯಮಾನವಲ್ಲ, ಕೋಪ ಬಂದರೆ ಹಾಸುಬಟ್ಟೆ ಇನ್ನೂ ನೇರವಾಗಿ ಮಡಿಸುತ್ತೇನೆ ಎಂದಳು. ಹೊಸ ಹುಡುಗಿಗೆ ಎಣಿಕೆಯನ್ನೂ ಆಕೆಯೇ ಹೇಳಿಕೊಟ್ಟಿದ್ದಳು. ಮೊದಲ ಎರಡು ಚರಣ ಸರಿಯಾಗೇ ಬಂದವು. ಕೊನೆಯ ಚರಣದಲ್ಲಿ ಅಡುಗೆಮನೆಯವರು ಮೇಲಕ್ಕೆ ಏರಿದರು. ಗುಡುಗಮ್ಮನ ಉಸಿರು ಮುಗಿಯುತ್ತಾ ಬಂತು. ಎಣಿಕೆ ಮರೆತುಹೋಯಿತು. ಮೂರು ವರ್ಷದ ರೂಢಿಯಲ್ಲಿ ಮೊಳಕೈ ಪಕ್ಕಕ್ಕೆ ಹೋಯಿತು, ಒತ್ತಿತು, ಆಕೆ ನಿಶ್ಚಿಂತೆಯಿಂದ ಉಸಿರು ತೆಗೆದುಕೊಂಡಳು. ಹುಡುಗಿಗೆ ಆ ಒತ್ತು ಏನು ಗೊತ್ತು? ಬೆಚ್ಚಿ ಅವಳೂ ಉಸಿರು ಎಳೆದುಕೊಂಡಳು.

ಹೊಳೆ ನಿಂತುಬಿಟ್ಟಿತು.

ಒಂದು ಉಸಿರಿನಷ್ಟು ಹೊತ್ತು, ಅಷ್ಟೇ. ಆದರೆ ಕೆಳಗಿನ ಹಲಗೆ ಎಳೆದಂತೆ ಮೇಲ್ದನಿಗಳು ತಡವರಿಸಿದವು. ಒಬ್ಬಳು ಏರಿದಳು, ಒಬ್ಬಳು ಇಳಿದಳು, ಇನ್ನೊಬ್ಬಳು ನಿಲ್ಲಿಸಿಯೇ ಬಿಟ್ಟಳು. ಮೇಷ್ಟ್ರು ಕೈ ಇಳಿಸಿದರು. ಗುಡುಗಮ್ಮ ತನ್ನ ಮೊಳಕೈಯನ್ನೇ ನೋಡುತ್ತಾ ನಿಂತಳು. ಆಡಳಿತಾಧಿಕಾರಿ ಎದ್ದು, ಹಾರ್ಮೋನಿಯಮ್ಮೋ ಏನೋ ಒಂದನ್ನು ತರಿಸಿ ಆ ಜಾಗ ಮುಚ್ಚಿ ಎಂದು ಹೇಳಿ ಹೊರಟುಹೋದರು.

ಹುಡುಗಿ ಅಳುತ್ತಾ ಗುಡುಗಮ್ಮನ ಹಿಂದೆಯೇ ಮೆಟ್ಟಿಲಿಳಿದಳು. ತನ್ನಿಂದಲೇ ಹೀಗಾಯಿತು ಎಂದಳು. ನಿನ್ನದೇನೂ ತಪ್ಪಿಲ್ಲ ಎಂದು ಗುಡುಗಮ್ಮ ಹೇಳಿದ ಮೇಲೂ ಅವಳ ಅಳು ನಿಲ್ಲಲಿಲ್ಲ.

"ನಾನು ಬರಲ್ಲ ಅಂದೆ ಅಮ್ಮ. ಅವರೇ ಬಲವಂತ ಮಾಡಿದ್ರು. ಫೋಟೋದಲ್ಲಿ ಆ ಕೈ ಬರಬಾರದು, ಬಂದೋರು ಏನಾಯ್ತು ಅಂತ ಕೇಳ್ತಾರೆ ಅಂತ, ಈಗ ಎದ್ದುಹೋದ್ರಲ್ಲ, ಆ ದೊಡ್ಡ ಸಾರ್ ಮೇಷ್ಟ್ರಿಗೆ ಹೇಳ್ತಿದ್ರು. ನನ್ನ ಮೇಜಿನ ಮುಂದೇನೇ."

ಗುಡುಗಮ್ಮ ಮೆಟ್ಟಿಲ ಮೇಲೆ ಕೂತುಬಿಟ್ಟಳು. ಕೈ ಸುಟ್ಟದ್ದು ಇವರ ಯಂತ್ರ. ಸುಟ್ಟ ಕೈಗೆ ನಾಚಬೇಕಾದವಳು ಅವಳು. ಅದಕ್ಕೆ ಹೊದಿಸಿದ ಹೆಸರು, ದನಿ ಬಳಲಿದೆ. ದನಿಯ ಮೇಲೆ ಸುಳ್ಳು ಹೊರಿಸುವುದು ಎಂದರೆ ಏನು ಎನ್ನುವುದು ಶಾಲೆಯ ಆ ದಿನದಿಂದ ಗುಡುಗಮ್ಮನಿಗೆ ಗೊತ್ತಿತ್ತು. ಮೇಷ್ಟ್ರಿಗೂ ಗೊತ್ತಿರಬೇಕಿತ್ತು. ಮೇಷ್ಟ್ರನ್ನು, ಆಡಳಿತಾಧಿಕಾರಿಯನ್ನು, ಮೇಲ್ವಿಚಾರಕನನ್ನು ಒಬ್ಬೊಬ್ಬರನ್ನೇ ಮನಸ್ಸಿನಲ್ಲಿ ಎದುರು ನಿಲ್ಲಿಸಿ ಬೈದಳು. ಬೈದು ಬೈದು ಸಾಲಿನ ಕೊನೆಗೆ ಬಂದಾಗ ಅಲ್ಲಿ ನಿಂತಿದ್ದವಳು ತಾನೇ, ಕೈಯಲ್ಲಿ ಪೆನ್ನು ಹಿಡಿದುಕೊಂಡು.

ಸೋಮವಾರ ಮಡಿಕೆ ಕೋಣೆಯಲ್ಲಿ ಇಬ್ಬರೂ ಒಂದು ಹಾಸುಬಟ್ಟೆ ಹಿಡಿದಿದ್ದರು. ವಾರಗಿತ್ತಿ ಬಲಗೈಯ ಮೂರು ಬೆರಳಲ್ಲಿ ಮೂಲೆ ಹಿಡಿಯುವುದನ್ನು ಕಲಿತಿದ್ದಳು. ಗುಡುಗಮ್ಮ ನಡೆದು ಬಂದಳು, ಮೂಲೆಗಳನ್ನು ಕೊಡುವ ಬದಲು ಹತ್ತಿರವೇ ನಿಂತಳು. ಯಂತ್ರದ ಸದ್ದಿನಲ್ಲಿ ಕಿವಿಯ ಬಳಿ ಬಾಯಿ ಇಟ್ಟು ಹೇಳಬೇಕಾಯಿತು.

"ಆ ಕಾಗದಕ್ಕೆ ಸಾಕ್ಷಿ ಸಹಿ ಹಾಕಿದ್ದು ನಾನು. ನಿನ್ನದೇ ತಪ್ಪು ಅಂತ ಬರೆದಿತ್ತು. ನಾನು ಓದ್ಲಿಲ್ಲ."

"ಗೊತ್ತು."

"ಯಾವಾಗಿಂದ?"

"ಆಸ್ಪತ್ರೆಯಲ್ಲಿ ಮಲಗಿದ್ದಾಗಲೇ ತೋರಿಸಿದ್ರು. ನಿಮ್ಮ ಅಕ್ಕನೇ ಬರೆದುಕೊಟ್ಟಿದಾರೆ, ಇನ್ನೇನು ಮಾತು ಅಂದ್ರು."

"ಗೊತ್ತಿದ್ದೂ ಒಂದು ವರ್ಷ ನನ್ನ ಪಕ್ಕ ನಿಂತು ಹಾಡಿದ್ಯಾ?"

ವಾರಗಿತ್ತಿಯ ಮುಖ ಕೆಂಪಾಯಿತು. ಆಕೆಗೆ ಕೋಪ ಬಂದದ್ದನ್ನು ಗುಡುಗಮ್ಮ ನೋಡಿದ್ದು ನಲ್ಲಿಯ ಜಗಳ ಆದ ಮೇಲೆ ಅದೇ ಮೊದಲು.

"ಹೌದು, ಹಾಡಿದೆ. ಮನೆಯಲ್ಲಿ ನಿಮ್ಮ ಮುಖ ನೋಡೋಕೆ ಆಗ್ತಿರಲಿಲ್ಲ. ಅಲ್ಲಿ ನಿಂತಾಗ ಮಾತ್ರ ಆಗ್ತಿತ್ತು. ಅದನ್ನೂ ಕಿತ್ಕೊಂಡ್ರು. ನೀವು ನನ್ನನ್ನ ಬೈದ್ರಿ."

ಹಾಸುಬಟ್ಟೆ ಇಬ್ಬರ ನಡುವೆ ನೆಲಕ್ಕೆ ಬಿದ್ದಿತ್ತು. ಇಬ್ಬರೂ ನೋಡಿದರು, ಎತ್ತಲಿಲ್ಲ. ಗುಡುಗಮ್ಮ, ಬುಧವಾರ ಕಾರ್ಯಕ್ರಮಕ್ಕೆ ನೀಲಿ ಬಟ್ಟೆ ಹಾಕಿಕೊಂಡು ಬಾ ಎಂದಳು. ವಾರಗಿತ್ತಿ ಹೂಂ ಎಂದಳು.

ಬುಧವಾರ ಸಭಾಂಗಣ ತುಂಬಿತ್ತು. ತಂಡ ಸಾಲಾಗಿ ವೇದಿಕೆಗೆ ಬಂತು. ಎಲ್ಲರೂ ನಿಂತ ಮೇಲೆ, ಕೊನೆಗೆ, ಗುಡುಗಮ್ಮ ವಾರಗಿತ್ತಿಯ ಮೊಳಕೈ ಹಿಡಿದುಕೊಂಡು ಬಂದಳು. ಸ್ವಾಗತದ ಮೇಜಿನ ಹುಡುಗಿ ಯಾರೂ ಹೇಳುವ ಮೊದಲೇ ಸರಿದು ಸಾಲಿನ ತುದಿಗೆ ಹೋದಳು. ಅಡುಗೆಮನೆಯವಳು ನೇರ ಮುಂದಕ್ಕೆ ನೋಡುತ್ತಲೇ, ಹಾರ್ಮೋನಿಯಮ್ಮಿನವನಿಗೆ ಕೇಳುವ ಹಾಗೆ, ನಿನಗೆ ಇವತ್ತು ರಜ ಕಣಪ್ಪಾ ಎಂದಳು.

ಮೇಷ್ಟ್ರು ಎತ್ತಿದ ಕೈ ಎತ್ತಿದಲ್ಲೇ ನಿಂತಿತು. ಅವರು ಒಮ್ಮೆ ಹಿಂದೆ ತಿರುಗಿ ಮೊದಲ ಸಾಲಿನ ಕಡೆ ನೋಡಿದರು. ಅಲ್ಲಿ ಆಡಳಿತಾಧಿಕಾರಿ ತುಟಿ ಬಿಗಿಹಿಡಿದು, ಬೇಡ ಎನ್ನುವಂತೆ ತಲೆ ಆಡಿಸುತ್ತಿದ್ದರು. ಮೇಷ್ಟ್ರ ಕೈ ಇಳಿಯತೊಡಗಿತು.

ಆ ಹಾಡು ಶುರುವಾಗುವುದು ಕೆಳದನಿಯಿಂದ. ಗುಡುಗಮ್ಮ ಕೈಗಾಗಿ ಕಾಯಲಿಲ್ಲ. ಐವತ್ತು ವರ್ಷದ ಕೋಪವನ್ನೆಲ್ಲ ಹೊಟ್ಟೆಯಿಂದ ಎತ್ತಿ 'ಹೂಂ' ಎಂದಳು. ಅದರೊಳಗೆ ವಾರಗಿತ್ತಿಯ ದನಿ ಬಂದು ಸೇರಿತು. ಹುಡುಗಿಯೂ ಸೇರಿ ಉಳಿದ ಇಪ್ಪತ್ತೈದು ಜನ ಅದರ ಮೇಲೆ ಹೆಜ್ಜೆ ಇಟ್ಟರು. ಮೇಷ್ಟ್ರ ಕೈ ಬೇರೆ ದಾರಿಯಿಲ್ಲದೆ ಹಾಡಿನ ಹಿಂದೆ ಓಡಿತು.

ವಾರಗಿತ್ತಿ ಮೊದಲ ಚರಣದಲ್ಲಿ ಬಲಗೈಯನ್ನು ಕಂಕುಳಲ್ಲೇ ಇಟ್ಟುಕೊಂಡಿದ್ದಳು. ಎರಡನೆಯದರಲ್ಲಿ ಅದನ್ನು ಹೊರಗೆ ತೆಗೆದು ಪಕ್ಕಕ್ಕೆ ಇಳಿಬಿಟ್ಟಳು. ದೀಪದ ಬೆಳಕಿನಲ್ಲಿ ಅದು ಹೊಳೆಯಿತು. ಮೊದಲ ಸಾಲಿನ ಒಬ್ಬ ಅತಿಥಿ ಪಕ್ಕದವರ ಕಡೆ ಬಾಗಿ ಏನೋ ಕೇಳಿದರು. ಕೊನೆಯ ಚರಣದಲ್ಲಿ ಅಡುಗೆಮನೆಯವರು ಮೇಲಕ್ಕೆ ಏರಿದರು. ಮೊಳಕೈ ಮೊಳಕೈಯನ್ನು ಒತ್ತಿತು. ಗುಡುಗಮ್ಮ ಉಸಿರು ತೆಗೆದುಕೊಂಡಳು, ಹೊಳೆ ನಿಲ್ಲಲಿಲ್ಲ. ಆಮೇಲೆ ಅತ್ತಲಿಂದ ಇತ್ತ ಒತ್ತು ಬಂತು. ವಾರಗಿತ್ತಿ ಉಸಿರು ತೆಗೆದುಕೊಂಡಳು, ಆಗಲೂ ನಿಲ್ಲಲಿಲ್ಲ. ವೇದಿಕೆಯ ಪಕ್ಕದ ಬಾಗಿಲಲ್ಲಿ ನಿಂತಿದ್ದ ಮಗಳಿಗೆ, ಎಲ್ಲಿ ಅಮ್ಮ, ಎಲ್ಲಿ ದೊಡ್ಡಮ್ಮ ಎಂದು ಬೇರೆ ಮಾಡಿ ಕೇಳಲು ಆಗಲಿಲ್ಲ.

ಇಲ್ಲಿಗೆ ಎಲ್ಲ ಸರಿಹೋಯಿತು ಎಂದು ಬರೆದರೆ ಚೆನ್ನಾಗಿರುತ್ತಿತ್ತು. ಮೊದಲ ಸಲ ಹಾಗೇ ಬರೆದು ಆಮೇಲೆ ಹೊಡೆದುಹಾಕಿದ್ದು. ಹತ್ತು ದಿನದ ಮೇಲೆ ಆಸ್ಪತ್ರೆಯ ಮುಖ್ಯ ಓಣಿಯಲ್ಲಿ ಚೌಕಟ್ಟು ಹಾಕಿದ ಫೋಟೋ ತೂಗುಹಾಕಿದರು. ಅದರಲ್ಲಿ ಇಪ್ಪತ್ತೇಳು ಜನರಲ್ಲಿ ಇಪ್ಪತ್ತೊಂದು ಜನ ಇದ್ದಾರೆ. ಬಲಗಡೆಯ ಅಂಚು ಗುಡುಗಮ್ಮನ ಪಕ್ಕಕ್ಕೇ ಕತ್ತರಿಸಿದೆ. ಆಕೆಯ ಮೊಳಕೈ ಚೌಕಟ್ಟಿನ ಕಡೆ ಚಾಚಿದೆ. ಅದು ಯಾರನ್ನು ಮುಟ್ಟುತ್ತಿದೆ ಎನ್ನುವುದು ಕಾಣುವುದಿಲ್ಲ. ವಾರಗಿತ್ತಿಯೊಬ್ಬಳನ್ನು ಅಳಿಸಲು ಸಾಲಿನಲ್ಲಿ ಆಕೆಯ ಆಚೆ ನಿಂತಿದ್ದ ಉಳಿದವರನ್ನೂ ಕತ್ತರಿಸಿದ್ದರು. ಸ್ವಾಗತದ ಮೇಜಿನ ಹುಡುಗಿಯೂ ಅವರಲ್ಲಿ ಒಬ್ಬಳು. ಮೇಷ್ಟ್ರು ಮುಂದಿನ ಶನಿವಾರ ಬರಲಿಲ್ಲ, ಅದರ ಮುಂದಿನದಕ್ಕೂ ಬರಲಿಲ್ಲ. ಹೆಂಗಸರು ಯಂತ್ರ ನಿಂತ ಮೇಲೆ ಮಡಿಕೆ ಕೋಣೆಯಲ್ಲಿ ತಾವೇ ಹಾಡಿಕೊಂಡರು. ಅಡ್ಡಪಟ್ಟಿಯನ್ನು ಇನ್ನೂ ತಂತಿಯಲ್ಲೇ ಕಟ್ಟಿದೆ.

ಫೋಟೋ ನೋಡಿದ ದಿನ ಗುಡುಗಮ್ಮ ಮನೆಗೆ ಬಂದು ಚಪ್ಪಲಿಯನ್ನೂ ಬಿಡದೆ ವಾರಗಿತ್ತಿಯ ಒಲೆಯ ಹತ್ತಿರ ಕೂತಳು. ಮಗಳನ್ನು ಕರೆದಳು.

"ಪೆನ್ನು ತಗೋ. ನಾನು ಹೇಳ್ತೀನಿ, ನೀನು ಬರಿ. ಬರೆದು ಆದ್ಮೇಲೆ ಓದಿ ಹೇಳು. ಓದದೆ ನಾನು ಇನ್ನು ಯಾವುದಕ್ಕೂ ಸಹಿ ಹಾಕಲ್ಲ."

ಮಗಳು, ನನ್ನ ಅಕ್ಷರ ಚೆನ್ನಾಗಿಲ್ಲ ದೊಡ್ಡಮ್ಮ ಎಂದಳು.

"ಆ ಕಾಗದದ ಅಕ್ಷರ ಮುತ್ತಿನ ಹಾಗಿತ್ತು ಕಣೇ. ಬರಿ."

ಅಡ್ಡಪಟ್ಟಿ ಮುರಿದ ದಿನ, ತಂತಿ ಕಟ್ಟಿದ ದಿನ, ಮೂರು ಸಲ ಹೇಳಿದ ದಿನಗಳು, ಸಹಿ ಹಾಕಿಸಿಕೊಂಡ ರೀತಿ ಎಲ್ಲವನ್ನೂ ಗುಡುಗಮ್ಮ ಹೇಳಿದಳು. ವಾರಗಿತ್ತಿ ಎರಡು ಕಡೆ ತಿದ್ದಿದಳು. ಹೇಳಿಕೆ ಒಂದೂವರೆ ಪುಟ ಆಯಿತು. ಅದರಲ್ಲಿ ಬರೆಯಲು ಜಾಗವಿಲ್ಲದೆ ಉಳಿದದ್ದೆಲ್ಲ ಈ ಕಥೆಗೆ ಬಂತು. ಓದಿ ಹೇಳಿದ ಮೇಲೆ ಗುಡುಗಮ್ಮ ಸಹಿ ಹಾಕಿದಳು. ಅದರ ಕೆಳಗೆ ವಾರಗಿತ್ತಿ ಮೂರು ಬೆರಳಲ್ಲಿ ಪೆನ್ನು ಹಿಡಿದು ನಿಧಾನವಾಗಿ ತನ್ನದನ್ನು ಹಾಕಿದಳು.

ಕಾರ್ಮಿಕ ಅಧಿಕಾರಿಯ ಕಚೇರಿ ಸೋಮವಾರ ಬೆಳಿಗ್ಗೆ ಹತ್ತಕ್ಕೆ ತೆರೆಯುತ್ತದೆ. ಇದನ್ನು ಬರೆದವಳು ಅಮ್ಮ ಮತ್ತು ದೊಡ್ಡಮ್ಮನ ಜೊತೆ ಅಲ್ಲಿಗೆ ಹೋಗಿ, ಆ ಹೇಳಿಕೆಯ ಒಂದು ಪ್ರತಿಯನ್ನು ಕೊಟ್ಟು, ಇನ್ನೊಂದರ ಮೇಲೆ ಮೊಹರು ಹಾಕಿಸಿಕೊಂಡು ಬರುತ್ತಾಳೆ.